ಹವಳದ ದಂಡೆಯಲ್ಲಿ ಉಳಿದವಳು

ನಮ್ಮ ಯಜಮಾನರು ಅರ್ಧ ಉತ್ತರ ಬೆಂಗಳೂರಿಗೆ ಸಮುದ್ರ ತೋರಿಸಿದವರು. ಯಲಹಂಕದ ರಿಟೈರ್ಡ್ ಮೇಷ್ಟ್ರುಗಳು, ಆರ್.ಟಿ. ನಗರದ ಅಜ್ಜಿಯರು, ಅಬ್ಬಿಗೆರೆಯಲ್ಲಿ ಹೊಲವನ್ನು ಸೈಟು ಮಾಡಿ ಮಾರಿದ ಗೌಡರುಗಳು, ಎಲ್ಲರೂ ಇವರು ಕೊಟ್ಟ ಹಳದಿ ಟೋಪಿ ಹಾಕಿಕೊಂಡು ಅಂಡಮಾನ್ ನೋಡಿ ಬಂದಿದ್ದಾರೆ. ಕೆಂಪಾಪುರದಲ್ಲಿ ನಮ್ಮ ಮನೆಯ ಕೆಳಗಡೆಯೇ ಇವರ ಟೂರ್ ಆಫೀಸು. ನಾನು ಮದುವೆಯಾಗಿ ಬಂದಾಗ ಅದು ನಮ್ಮ ಮಾವನವರ ದನದ ಕೊಟ್ಟಿಗೆ. ದಾಯಾದಿಗಳೆಲ್ಲ ಜಮೀನಿನಲ್ಲಿ ಅಪಾರ್ಟ್‌ಮೆಂಟ್ ಎಬ್ಬಿಸಿ ಕಾಲ ಮೇಲೆ ಕಾಲು ಹಾಕಿ ಕೂತರು. ಇವರಿಗೆ ಮಾತ್ರ ಜನರನ್ನು ಗುಂಪು ಕಟ್ಟಿಕೊಂಡು ತಿರುಗುವ ಹುಚ್ಚು. 'ಪ್ರವಾಸದುದ್ದಕ್ಕೂ ನಮ್ಮ ಮನೆ ಊಟ' ಅಂತ ದೊಡ್ಡ ಬೋರ್ಡು ಬೇರೆ. ಆ 'ನಮ್ಮ ಮನೆ' ಅಂದರೆ ನಾನು.

ಹುಳಿಪುಡಿ, ಚಟ್ನಿಪುಡಿ, ಪುಳಿಯೋಗರೆ ಗೊಜ್ಜು, ರಾಗಿಹಿಟ್ಟು ಎಲ್ಲವನ್ನೂ ಹುರಿದು, ಬೀಸಿ, ಕಟ್ಟಿ ಕಳಿಸುತ್ತಿದ್ದವಳು ನಾನು. ಅಲ್ಲಿ ಹೋಟೆಲಿನಲ್ಲಿ ಬೇಯಿಸಿ ಬಡಿಸುವುದಕ್ಕೆ ಭಟ್ಟರೊಬ್ಬರಿದ್ದರು. ಇವರು ಅಲ್ಲಿದ್ದಾಗ ಇಲ್ಲಿ ಆಫೀಸಿನ ಫೋನ್ ಎತ್ತುತ್ತಿದ್ದವಳೂ ನಾನೇ. "ಮೇಡಂ, ನಮ್ಮ ತಾಯಿಗೆ ಶುಗರ್ ಇದೆ", "ಮೇಡಂ, ನಮಗೆ ಕಿಟಕಿ ಸೀಟೇ ಬೇಕು", "ಮೇಡಂ, ಅಲ್ಲಿ ಮಳೆ ಬರತ್ತಾ?" ವರ್ಷದಲ್ಲಿ ಮುಕ್ಕಾಲು ಪಾಲು ಇವರು ಮನೆಯಲ್ಲಿರುತ್ತಿರಲಿಲ್ಲ. ಇದ್ದಾಗಲೂ ಯಾರದೋ ಅತ್ತೆಗೆ ಗಾಲಿಕುರ್ಚಿ ಸಿಗುತ್ತದೋ ಇಲ್ಲವೋ ಅನ್ನುವ ಯೋಚನೆಯಲ್ಲಿರುತ್ತಿದ್ದರು. ಮನೆಗೆ ಮಾರಿ ಊರಿಗೆ ಉಪಕಾರಿ ಅಂತ ಸುಮ್ಮನೆ ಹೇಳಿದರಾ ಹಿರಿಯರು?

ಮದುವೆಯಾದ ಹೊಸದರಲ್ಲಿ ನನ್ನನ್ನು ಸಮುದ್ರಕ್ಕೆ ಕರೆದುಕೊಂಡು ಹೋಗುತ್ತೇನೆ ಅಂದಿದ್ದರು. ಆಮೇಲೆ ಮಗಳು ಹುಟ್ಟಿದಳು, ಬೆಳೆದಳು, ಮದುವೆಯಾಗಿ ಹೋದಳು. ಅಲ್ಲಿಯವರೆಗೆ ನಾನು ನೋಡಿದ ದೊಡ್ಡ ನೀರು ಹೆಬ್ಬಾಳದ ಕೆರೆಯೇ, ಅದೂ ಫ್ಲೈಓವರ್ ಮೇಲಿನ ಟ್ರಾಫಿಕ್ಕಿನಲ್ಲಿ ನಿಂತ ಬಸ್ಸಿನ ಕಿಟಕಿಯಿಂದ.

ಹೋದ ವರ್ಷ ಒಂದು ದಿನ ಮೆಣಸಿನಕಾಯಿ ಹುರಿಯುತ್ತಿದ್ದೆ. ಘಾಟಿಗೆ ಕಣ್ಣು ಮೂಗು ಸುರಿಯುತ್ತಿತ್ತು. ಇವರು ಬಾಗಿಲಲ್ಲಿ ನಿಂತು, "ಈ ಸಲ ಇನ್ನೊಂದೆರಡು ಕೆಜಿ ಜಾಸ್ತಿ ಮಾಡು, ಗ್ರೂಪ್ ದೊಡ್ಡದಿದೆ" ಅಂದರು. ನನಗೆ ಸಿಟ್ಟು ಬರಲಿಲ್ಲ. ಸಿಟ್ಟು ಬರುವುದಕ್ಕೂ ಮೈಯಲ್ಲಿ ತ್ರಾಣ ಬೇಕಲ್ಲ. ಒಲೆ ಆರಿಸಿ ನೆಲದ ಮೇಲೆ ಕೂತೆ.

"ರೀ, ನಂಗೆ ಸಾಕಾಗಿದೆ" ಅಂದೆ. "ಅಕ್ಕ ಕರೀತಾನೇ ಇದ್ದಾಳೆ. ಸಂಜಯನಗರದಲ್ಲಿ ಅವಳ ಮನೆ ಮೇಲ್ಗಡೆ ರೂಮು ಖಾಲಿ ಇದೆ. ಟೈಲರಿಂಗ್ ಅಂಗಡೀಲಿ ಅವಳಿಗೂ ಒಬ್ರು ಬೇಕು. ಹೋಗ್ಬಿಡ್ತೀನಿ."

"ಇದೇನೇ ಹೊಸ ವರಸೆ?" ಅಂದರು ಇವರು, ನಗುತ್ತಾ.

"ನಗ್ಬೇಡಿ. ಒಂದೇ ಒಂದು ಕೇಳ್ತೀನಿ. ಈ ಸಲ ನನ್ನನ್ನೂ ಕರ್ಕೊಂಡ್ ಹೋಗಿ. ಅಡುಗೆಗಲ್ಲ. ಮುಖಕ್ಕೆ ಕನ್ನಡಕ ಕಟ್ಕೊಂಡು ನೀರೊಳಗೆ ಮೀನು ನೋಡ್ತಾರಲ್ಲ, ಅದಕ್ಕೆ. ನೀವೂ ನನ್ ಜೊತೆ ಇಳೀಬೇಕು. ಅರ್ಧ ಗಂಟೆ ಸಾಕು. ಅರ್ಧ ಗಂಟೆ ನನ್ ಗಂಡ ಆಗಿರಿ. ಅದೂ ಆಗ್ಲಿಲ್ಲ ಅಂದ್ರೆ ನಾನು ಅಕ್ಕನ ಮನೆಗೆ ಹೊರಟೆ."

ಇವರು ನಗುವುದನ್ನು ನಿಲ್ಲಿಸಿದರು. ಬಂದು ಪಕ್ಕದಲ್ಲೇ ಕುಕ್ಕರುಗಾಲಲ್ಲಿ ಕೂತರು. "ಇಷ್ಟೇನಾ? ಆಯ್ತು ಕಣೆ. ಖಂಡಿತ ಇಳೀತೀನಿ" ಅಂದು ನನ್ನ ತಲೆ ಮೇಲೆ ಕೈ ಇಟ್ಟರು. ಆ ಕೈಯನ್ನು ನಾನು ನಂಬಿದೆ.

ಗುಂಪಿನಲ್ಲಿ ಯಾರೋ ಒಬ್ಬರು ಕೊನೆಗಳಿಗೆಯಲ್ಲಿ ಬರುವುದಿಲ್ಲ ಅಂದರು, ಆ ಜಾಗ ನನಗೆ ಸಿಕ್ಕಿತು. ವಿಮಾನ ಹತ್ತಿದ ಮೇಲೆ ಇವರು ತೊಡೆ ಮೇಲಿದ್ದ ಹಾಳೆಯಲ್ಲಿ ಎಲ್ಲರ ಹೆಸರಿನ ಮುಂದೆ ಟಿಕ್ ಹಾಕುತ್ತಿದ್ದರು. ನಾನು ಕಿಟಕಿಯಿಂದ ಮೋಡ ನೋಡುತ್ತಾ ಕೂತೆ. ಪರವಾಗಿಲ್ಲ, ನಾಳಿದ್ದು ನನ್ನ ದಿನ ಅಂದುಕೊಂಡೆ.

ದ್ವೀಪಗಳಿಗೆ ಹೋಗುವ ದಿನ ಬಂತು. ಒಂದೇ ದೋಣಿಯಲ್ಲಿ ಒಂದೇ ದಿನ ಮೂರು ದ್ವೀಪ ನೋಡುವುದು ಇವರ ಪ್ಯಾಕೇಜು. ಬೆಳಿಗ್ಗೆ ಭಟ್ಟರು ಬುತ್ತಿ ಕಟ್ಟಿಕೊಟ್ಟು ಹೋಟೆಲಿನಲ್ಲೇ ಉಳಿದರು. "ಬುತ್ತಿ ಚೀಲ ಸ್ವಲ್ಪ ನೋಡ್ಕೋ ಕಣೆ" ಅಂದರು ಇವರು. ನೋಡಿಕೊಂಡೆ. "ಅಜ್ಜಿ ಮಾತ್ರೆ ಡಬ್ಬಿ ನಿನ್ ಹತ್ರಾನೇ ಇರ್ಲಿ." ಇಟ್ಟುಕೊಂಡೆ. ಆರ್.ಟಿ. ನಗರದ ಆ ಅಜ್ಜಿ ಬಲು ಮಾತುಗಾತಿ, ಮಂಡಿನೋವಿನವರು. ದೋಣಿ ಹತ್ತುವಾಗ ಅವರ ಭಾರವೆಲ್ಲ ನನ್ನ ಭುಜದ ಮೇಲೆ ಬಿತ್ತು. "ನಿಮ್ಮ ಯಜಮಾನ್ರು ದೇವ್ರಂಥವ್ರು ಕಣಮ್ಮ. ನನ್ ಮಗ ಕೂಡ ಇಷ್ಟು ನೋಡ್ಕೊಳಲ್ಲ" ಅಂದರು. ದೇವರ ಜೊತೆ ಸಂಸಾರ ಮಾಡಿದವಳಿಗೇ ಗೊತ್ತು ಅದರ ಕಷ್ಟ. ಬಾಯಿಗೆ ಬಂದಿದ್ದನ್ನು ನುಂಗಿಕೊಂಡೆ.

ಮೊದಲನೇ ದ್ವೀಪದಲ್ಲಿ ಬ್ರಿಟಿಷರ ಕಾಲದ ಮುರುಕು ಕಟ್ಟಡಗಳು, ಅವುಗಳ ಗೋಡೆ ತಬ್ಬಿಕೊಂಡ ಆಲದ ಬೇರುಗಳು, ಮಧ್ಯೆ ಜಿಂಕೆ. ನಾನು ನೋಡಿದ್ದಕ್ಕಿಂತ ಅಜ್ಜಿ ಕೂರುವುದಕ್ಕೆ ನೆರಳು ಹುಡುಕಿದ್ದೇ ಹೆಚ್ಚು. ಬಿಸಿಲು ಅಂದರೆ ಬಿಸಿಲು. ಮೈಯೆಲ್ಲ ಅಂಟಂಟು. ಬೆಳಗಿನ ಜಾವವೇ ಎದ್ದಿದ್ದಕ್ಕೆ ಕಣ್ಣು ಎಳೆಯುತ್ತಿತ್ತು.

ಎರಡನೆಯದು ಹವಳದ ದ್ವೀಪ. ಅಲ್ಲಿಗೆ ಇಳಿದದ್ದೇ ನಾನು ಎಲ್ಲರಿಗಿಂತ ಮುಂದೆ ನಡೆದೆ. ನೀರಿಗೆ ಇಳಿಯುವವರಿಗೆ ಕಪ್ಪನೆಯ ಬಿಗಿ ಬಟ್ಟೆ ಕೊಟ್ಟರು. ಅದನ್ನು ಹಾಕಿಕೊಳ್ಳುವುದಕ್ಕೆ ನನಗಾದ ಪಾಡು ಆ ತಗಡಿನ ಶೆಡ್ಡಿಗೇ ಗೊತ್ತು. ತಾಳಿಯನ್ನು ಒಳಗೆ ಸೇರಿಸಿ, ಕಾಲುಂಗುರ ಒತ್ತುತ್ತಿದ್ದರೂ ರಬ್ಬರಿನ ಚಪ್ಪಲಿ ಹಾಕಿಕೊಂಡು ದಂಡೆಗೆ ಬಂದು ನಿಂತೆ. ಇವರು ಇಸ್ತ್ರಿ ಮಾಡಿದ ಪ್ಯಾಂಟಿನಲ್ಲೇ ಇದ್ದರು.

"ಐದ್ ನಿಮಿಷ ಕಣೆ. ಇವ್ರನ್ನೆಲ್ಲ ಇಳಿಸಿ ಬಂದೆ" ಅಂದರು.

ಒಂದು ಜೋಡಿ ಇಳಿಯಿತು, ಇನ್ನೊಂದು ಜೋಡಿ ಇಳಿಯಿತು. ಇವರು ಒಬ್ಬರ ಫೋಟೋ ತೆಗೆದರು, ಇನ್ನೊಬ್ಬರ ಹಲ್ಲುಸೆಟ್ಟು ಕರ್ಚೀಫಿನಲ್ಲಿ ಸುತ್ತಿ ಇಟ್ಟುಕೊಂಡರು. ಅಲ್ಲಿ ನಮ್ಮನ್ನು ನೀರಿನಲ್ಲಿ ಕರೆದುಕೊಂಡು ಹೋಗಲು ಗೈಡ್‌ಗಳಿದ್ದರು. ನನಗೆ ಗೊತ್ತು ಮಾಡಿದ್ದ ಗೈಡ್ ನಡುವಯಸ್ಸಿನ ತಮಿಳಿನವರು. ನಮ್ಮ ಬೀದಿಯಲ್ಲಿ ಕೇಳಿ ಕಲಿತ ತಮಿಳು ನನಗೂ ಅಷ್ಟಿಷ್ಟು ಬರುತ್ತದೆ. ನೀರು ಇಳಿಯುತ್ತಿದೆ, ಇನ್ನು ತಡ ಮಾಡಿದರೆ ಹವಳದ ಮೇಲೆ ತೇಲುವುದಕ್ಕೆ ಆಗುವುದಿಲ್ಲ ಅಂದರು ಅವರು. ನಾನು ಇವರ ಕಡೆ ನೋಡಿದೆ.

"ನೀನ್ ಹೋಗಿರು, ಹಿಂದೇನೇ ಬಂದೆ!" ಅಂತ ಇವರು ದೂರದಿಂದಲೇ ಕೂಗಿದರು.

ಗೈಡ್ ನನ್ನ ಕನ್ನಡಕದ ಗಾಜಿನೊಳಕ್ಕೆ ಥೂ ಅಂತ ಉಗಿದು, ಬೆರಳಲ್ಲಿ ಉಜ್ಜಿ, ಸಮುದ್ರದ ನೀರಲ್ಲಿ ತೊಳೆದು ಕೊಟ್ಟರು. ಹಾಗೆ ಮಾಡಿದರೆ ಮಂಜು ಕಟ್ಟುವುದಿಲ್ಲವಂತೆ. ಅಯ್ಯೋ ಶಿವನೇ! ಮನೆಯಲ್ಲಾಗಿದ್ದರೆ ಆ ವಸ್ತುವನ್ನು ಮೂರು ಸಲ ಹುಣಸೆಹಣ್ಣು ಹಚ್ಚಿ ತಿಕ್ಕುತ್ತಿದ್ದೆ. ಅವತ್ತು ಕಣ್ಣು ಮುಚ್ಚಿ ಕಟ್ಟಿಕೊಂಡೆ. ಗಾಳಿ ತುಂಬಿದ ಟ್ಯೂಬನ್ನು ಹಿಡಿದುಕೊಳ್ಳಿ, ನಾನು ಎಳೆದುಕೊಂಡು ಹೋಗುತ್ತೇನೆ ಅಂದರು. ಆ ಟ್ಯೂಬಿನಲ್ಲಿ ಇಬ್ಬರು ಹಿಡಿಯುವ ಜಾಗವಿತ್ತು.

ಮೊದಲು ಉಪ್ಪುನೀರು ಕುಡಿದು ಕೆಮ್ಮಿದೆ. ಆಮೇಲೆ ಬಾಯಿಗೆ ಕಚ್ಚಿಸಿದ್ದ ಕೊಳವೆಯಲ್ಲಿ ಉಸಿರಾಡುವುದು ರೂಢಿಯಾಯಿತು. ತಲೆ ಒಳಗೆ ಇಟ್ಟೆ. ಏನು ಹೇಳಲಿ! ಕೆಳಗೆ ಹೂಕೋಸಿನಂಥ ಹವಳದ ಗುಡ್ಡೆಗಳು. ಅವುಗಳ ಸಂದಿನಲ್ಲಿ ಮದುವೆ ಸೀರೆಯ ಬಣ್ಣದ ಮೀನುಗಳು, ಹಸಿರು, ಕಡುನೀಲಿ, ಅರಿಸಿನ. ಒಂದು ಮೀನು ಹವಳವನ್ನು ಕಟಕಟ ಕಡಿಯುತ್ತಿತ್ತು, ಆ ಸದ್ದು ಕೂಡ ಕೇಳಿಸಿತು. ಅದು ಬಿಟ್ಟರೆ ನನ್ನ ಉಸಿರೊಂದೇ ಸದ್ದು. ಫೋನಿಲ್ಲ, ಮೇಡಂ ಅನ್ನುವವರಿಲ್ಲ, ಒಲೆ ಮೇಲೆ ಏನೂ ಸೀಯುತ್ತಿಲ್ಲ. ಎಷ್ಟು ವರ್ಷದ ಸುಸ್ತು ಅಲ್ಲಿ ನನ್ನ ಮೈಯಿಂದ ಇಳಿದುಹೋಯಿತೋ ಗೊತ್ತಿಲ್ಲ. ಕನ್ನಡಕದೊಳಗೇ ಅತ್ತೆ. ನಡುನಡುವೆ ಪಕ್ಕಕ್ಕೆ ತಿರುಗಿ ನೋಡಿದೆ. ಪಕ್ಕದ ಹಿಡಿ ಖಾಲಿ ಇತ್ತು.

ಗೈಡ್ ದಂಡೆ ಪಕ್ಕದ ದೊಡ್ಡ ಬಂಡೆಯ ಆ ಕಡೆ ಸುತ್ತು ಹಾಕಿಸಿ ವಾಪಸ್ಸು ದಂಡೆಗೆ ತಂದು ಬಿಟ್ಟರು. ಕನ್ನಡಕ ತೆಗೆದು ನೋಡಿದರೆ ದಂಡೆಯಲ್ಲಿ ಒಂದೇ ಒಂದು ಹಳದಿ ಟೋಪಿ ಇರಲಿಲ್ಲ. ದೋಣಿ ನಿಲ್ಲುವ ಕಟ್ಟೆಯಲ್ಲಿ ನಮ್ಮ ದೋಣಿಯೂ ಇರಲಿಲ್ಲ. ದೂರದಲ್ಲಿ, ಮೂರನೇ ದ್ವೀಪದ ದಿಕ್ಕಿನಲ್ಲಿ, ಬಿಳೀ ಚುಕ್ಕಿಯೊಂದು ಹೋಗುತ್ತಿತ್ತು.

ನನಗೆ ಅರ್ಥವಾಗುವ ಮೊದಲೇ ಗೈಡ್‌ಗೆ ಅರ್ಥವಾಯಿತು. ಪಾಪ, ಅವರು ಕಂಗಾಲಾಗಿ ತಮ್ಮ ಫೋನ್ ತಂದುಕೊಟ್ಟರು. ನನ್ನದು ದೋಣಿಯಲ್ಲಿ ಬುತ್ತಿ ಚೀಲದ ಜೊತೆ ಹೋಗಿತ್ತು. ಇವರ ನಂಬರು ನನಗೆ ಬಾಯಿಪಾಠ. ನಿದ್ದೆಯಲ್ಲಿ ಎಬ್ಬಿಸಿ ಕೇಳಿದರೂ ಹೇಳುತ್ತೇನೆ, ಎಷ್ಟು ಜನಕ್ಕೆ ಹೇಳಿಲ್ಲ? ಫೋನ್ ಕೈಯಲ್ಲಿ ಹಿಡಿದು ನಿಂತೆ. ಆಮೇಲೆ ವಾಪಸ್ಸು ಕೊಟ್ಟೆ.

"ಬೇಡ. ನಾನಾಗಿ ಮಾಡಲ್ಲ. ನೋಡೋಣ, ಅವ್ರಿಗೆ ಯಾವಾಗ ನೆನಪಾಗತ್ತೋ" ಅಂದೆ, ನನಗೆ ಬರುವ ತಮಿಳಿನಲ್ಲಿ.

ಅವರು ನನ್ನನ್ನು ಹುಚ್ಚಿ ಅಂದುಕೊಂಡಿರಬೇಕು. ಆದರೂ ಒಂದು ಎಳನೀರು ಕೆತ್ತಿಸಿ ಕೊಟ್ಟು, ಪ್ಲಾಸ್ಟಿಕ್ ಕುರ್ಚಿ ಎಳೆದು ಕೂರಿಸಿದರು. ಎಳನೀರು ಕುಡಿದೆ, ಗಂಜಿ ಕೆರೆದು ತಿಂದೆ. ಈಗ ತಿರುಗುತ್ತದೆ, ಈಗ ತಿರುಗುತ್ತದೆ ಅಂತ ಆ ಚುಕ್ಕಿಯನ್ನೇ ನೋಡುತ್ತಿದ್ದೆ. ಚುಕ್ಕಿ ಕಾಣದಾಯಿತು. ನನ್ನ ಕೂದಲು ಪೂರ್ತಿ ಒಣಗಿ ಉಪ್ಪು ಹಿಡಿದು ಗಡುಸಾಯಿತು. ಇನ್ನೂ ನೆನಪಾಗಿಲ್ಲವಲ್ಲ ಇವರಿಗೆ ಅಂದುಕೊಂಡೆ. ಆಗ ಆದದ್ದು ಭಯವಲ್ಲ. ಅವಮಾನ. ನೋಡುವವರು ಯಾರೂ ಇಲ್ಲದ ಕಡೆ ಆಗುವ ಅವಮಾನ ಇನ್ನೂ ಕೆಟ್ಟದ್ದು.

ಕೊನೆಗೂ ದೋಣಿ ಬಂತು. ಕಟ್ಟೆಗೆ ತಾಗುವ ಮೊದಲೇ ಇವರು ಸೊಂಟದವರೆಗಿನ ನೀರಿಗೆ ಧುಮುಕಿ, ಬೂಟು ಪ್ಯಾಂಟು ಸಮೇತ ಓಡಿ ಬಂದರು. ಮುಖದಲ್ಲಿ ರಕ್ತವೇ ಇರಲಿಲ್ಲ. ನನ್ನ ಎರಡೂ ಕೈ ಹಿಡಿದುಕೊಂಡರು.

"ಎಣಿಸ್ದೆ ಕಣೆ. ಎರಡೆರಡು ಸಲ ಎಣಿಸ್ದೆ. ಸರಿಯಾಗೇ ಇತ್ತು" ಅಂದರು.

ಅವರ ಹಾಳೆಯಲ್ಲಿ ನನ್ನ ಹೆಸರಿರಲಿಲ್ಲ. ಮನೆಯವಳಲ್ಲವೇ, ಯಾಕೆ ಬರೆಯಬೇಕು? ನಾನಿಲ್ಲದೆಯೇ ಲೆಕ್ಕ ಸರಿಹೋಗಿತ್ತು.

"ಹೋಗ್ಲಿ ಬಿಡಿ" ಅಂದೆ. "ಈಗ ಬಂದಿದ್ದೀರಲ್ಲ, ಹೆಂಗೂ ನೆಂದಿದ್ದೀರ. ಬನ್ನಿ, ಇಳಿಯೋಣ. ಹತ್ತೇ ನಿಮಿಷ."

ನಿಜವಾಗಿಯೂ ಕೇಳಿದೆ. ಅವರು ಹೂಂ ಅಂದಿದ್ದರೆ ನಾನು ಎಲ್ಲವನ್ನೂ ಅಲ್ಲೇ ಮರೆತುಬಿಡುತ್ತಿದ್ದೆ. ಅವರು ತಿರುಗಿ ದೋಣಿಯ ಕಡೆ ನೋಡಿದರು. ದೋಣಿಯಿಂದ ಯಾರೋ, "ಸಾರ್, ಹೊಟ್ಟೆ ಚುರುಗುಟ್ತಾ ಇದೆ!" ಅಂತ ಕೂಗಿದರು.

"ಅವ್ರದ್ದು ಯಾರದ್ದೂ ಊಟ ಆಗಿಲ್ಲ ಕಣೆ. ಮುಂದಿನ ಸಲ ಬರೋಣ, ನಾವಿಬ್ರೇ."

ನಾನು ಜಗಳ ಆಡಲಿಲ್ಲ. ಹೋಗಿ ದೋಣಿ ಹತ್ತಿದೆ. ಅಜ್ಜಿ ಜಾಗ ಬಿಟ್ಟು ಪಕ್ಕದಲ್ಲಿ ಕೂರಿಸಿಕೊಂಡು ನನ್ನ ಬೆನ್ನು ಸವರಿದರು. "ಸದ್ಯ ಕಣಮ್ಮ! ಊಟಕ್ಕೆ ಅಂತ ಚೀಲ ಬಿಚ್ಚಿದ್ವಾ, ಉಪ್ಪಿನಕಾಯಿ ಎಲ್ಲಿಟ್ಟಿದ್ದಾರೆ ಅಂತ ಯಾರಿಗೂ ಗೊತ್ತಿಲ್ಲ. ಆವಾಗ್ಲೇ ನೋಡು ನಿಮ್ಮೆಜಮಾನ್ರು ನಿನ್ನನ್ನ ಕೇಳಿದ್ದು" ಅಂದರು. ಒಳ್ಳೆಯ ಮನಸ್ಸಿನಿಂದಲೇ ಅಂದರು.

ಉಪ್ಪಿನಕಾಯಿ ತೆಗೆದುಕೊಟ್ಟೆ. ಎಲ್ಲರಿಗೂ ಮೊಸರನ್ನ ಬಡಿಸಿದೆ, ಇವರಿಗೂ ಬಡಿಸಿದೆ. ಮೂರನೇ ದ್ವೀಪದಲ್ಲಿ ಎಲ್ಲರೂ ಇಳಿದು ಬಿಳೀ ಮರಳಿನಲ್ಲಿ ಓಡಾಡಿದರು. ನಾನು ದೋಣಿಯಲ್ಲೇ ಕಣ್ಣು ಮುಚ್ಚಿ ಕೂತಿದ್ದೆ. ಅಷ್ಟು ದಣಿವು ನನಗೆ ಬಾಣಂತನದಲ್ಲೂ ಆಗಿರಲಿಲ್ಲ.

ಬಂದರಿಗೆ ಹಿಂದಿರುಗುವಾಗ ಇವರು ಬಂದು ಎದುರಿಗೆ ಕೂತರು. ಟೋಪಿ ತೆಗೆದು ಮಡಿಲಲ್ಲಿಟ್ಟುಕೊಂಡರು.

"ಕೋಪಾನಾ?"

"ಇಲ್ಲ" ಅಂದೆ. ಇರಲಿಲ್ಲ. "ಬೆಂಗ್ಳೂರಲ್ಲಿ ಇಳಿದ್ಮೇಲೆ ನಾನು ಸಂಜಯನಗರಕ್ಕೆ ಹೋಗ್ತೀನಿ."

"ಹೋಗ್ಬಾ. ನಾಲ್ಕ್ ದಿನ ಅಕ್ಕನ ಜೊತೆ ಇದ್ದು ಬಾ, ಮನಸ್ಸು ಹಗುರಾಗತ್ತೆ."

"ಬರಲ್ಲ ರೀ."

"ಬರಲ್ಲ ಅಂದ್ರೆ?"

"ಬರಲ್ಲ ಅಂದ್ರೆ ಬರಲ್ಲ. ಹೇಳಿದ್ನಲ್ಲ ಆವತ್ತೇ."

ಅವರು ನನ್ನ ಮುಖವನ್ನು ಸರಿಯಾಗಿ ನೋಡಿದರು. ನಾನು ಹೇಳುತ್ತಿರುವುದು ಏನು ಅಂತ ಅವರಿಗೆ ಪೂರ್ತಿ ಅರ್ಥವಾಯಿತು. ಅದನ್ನು ಅವರ ಕಣ್ಣಲ್ಲೇ ಕಂಡೆ.

"ಮತ್ತೆ ಸೋಮವಾರ ಹೊರಡೋ ಗ್ರೂಪ್‌ದು ಯಾರ್ ನೋಡ್ಕೋತಾರೆ?" ಅಂದರು.

ಆಮೇಲೆ ಅತ್ತರು. ಜನರೆಲ್ಲ ನೋಡುತ್ತಿದ್ದರೂ ಲೆಕ್ಕಿಸದೆ ಮುಖ ಮುಚ್ಚಿಕೊಂಡು ಅತ್ತರು. ಆ ಅಳು ಸುಳ್ಳಲ್ಲ, ನನಗೆ ಗೊತ್ತು, ಅವರಿಗೆ ನನ್ನ ಮೇಲೆ ಪ್ರೀತಿ ಇಲ್ಲದಿಲ್ಲ. ಎದ್ದು ಹೋಗಿ ಅವರ ತಲೆ ಸವರಬೇಕು ಅನ್ನಿಸಿತು. ಆದರೆ ಅಳುವುದಕ್ಕೆ ಮುಂಚೆ ಅವರು ಕೇಳಿದ್ದು ಸೋಮವಾರದ ಗ್ರೂಪಿನ ವಿಷಯ.