ಎಣಿಸಿದ ತುಟಿಗಳಿಗೆ ಮಾತು

‘ಲೇಖನದ ಕೆಳಗೆ ಹೆಸರು ಕಂಡರೆ ಅಪ್ಪ ಏನೆಂದಾರು?’ ಚಿತ್ರ ನಿರ್ದೇಶಕ ಶ್ರೀ ಉಳವಪ್ಪ ಕೊರ್ಲಹಳ್ಳಿಯವರ ಅಭಿನಂದನ ಗ್ರಂಥಕ್ಕೆ ಬರೆಯಲು ಒಪ್ಪಿಕೊಂಡ ದಿನ ಈ ಸಾಲುಗಳ ಲೇಖಕಿ ಭಾಗೀರಥಿ ದಿನಚರಿಯಲ್ಲಿ ಬರೆದುಕೊಂಡದ್ದು ಇಷ್ಟೇ.

ದೆವ್ವ, ದರೋಡೆ, ಸೇಡಿನ ಅಗ್ಗದ ಚಿತ್ರಗಳೆಂದು ಬಲ್ಲವರು ಮೂಗು ಮುರಿದರೂ, ಮುಂಡರಗಿ, ಶಿರಹಟ್ಟಿಗಳ ಟೂರಿಂಗ್ ಟಾಕೀಸುಗಳು ಕಿಕ್ಕಿರಿಯುತ್ತಿದ್ದುದು ಉಳವಪ್ಪನವರ ಹೆಸರಿಗೇ. ಬೆಟಗೇರಿಯ ಹಳೆಯದೊಂದು ಮಗ್ಗದ ಮನೆ ಅವರ ಸ್ಟುಡಿಯೋ. ಕಪ್ಪತಗುಡ್ಡ ಅವರ ಭಯಂಕರ ಕಾಡು. ದೆವ್ವ ಉಡುತ್ತಿದ್ದ ಬಿಳಿ ಸೀರೆ ಅವರ ಪತ್ನಿ ಗುರುಸಿದ್ದವ್ವನವರದು.

ಅವರು ಮುಂಚಿತವಾಗಿ ಮಾತು ಬರೆಯಿಸಿದವರಲ್ಲ. ಕ್ಯಾಮರಾದೆದುರು ನಟರು ಅಳುತ್ತ, ಗದರುತ್ತ ‘ಒಂದು, ಎರಡು, ಮೂರು’ ಎಂದು ಎಣಿಸುವರು. ಆ ತುಟಿಗಳಿಗೆ ಹೊಂದುವ ಮಾತು ಆಮೇಲೆ ಹುಟ್ಟಬೇಕು. ಬಿ.ಎ. ಮುಗಿಸಿದ ಭಾಗೀರಥಿ ೧೯೭೮ರಲ್ಲಿ ಟೈಪಿಂಗ್ ಕೆಲಸಕ್ಕೆಂದು ಅಲ್ಲಿ ಸೇರಿದಳು. ಬಾಯಿಬಿಡಲು ನಾಚುವ ಆ ಹುಡುಗಿಯನ್ನು ಒಂದು ದಿನ ಅವರು ತೆರೆಯ ಮುಂದೆ ಕೂಡಿಸಿದರು.

“ನೋಡ ತಂಗಿ, ಈಕಿ ಐದರ ತನಕ ಎಣಿಸ್ಯಾಳ. ಮಗ ಸತ್ತಾನ. ಏನಂದಿರಬೇಕು?”

ಆಕೆ ಚೀಟಿಯಲ್ಲಿ ಬರೆದುಕೊಟ್ಟಳು: ‘ಉಂಡಾದರೂ ಹೋಗಬೇಕಿತ್ತಲ್ಲೋ, ಕೂಸ.’

ಉಳವಪ್ಪನವರು ಆ ಚೀಟಿಯನ್ನು ಮಡಚಿ ಜೇಬಿಗಿಟ್ಟುಕೊಂಡರು. “ಇನ್ನ ಮ್ಯಾಲೆ ನನ್ನ ದೆವ್ವಕ್ಕೂ ನೀನ ಮಾತ ಕಲಿಸು.”

ಅಂದಿನಿಂದ ಆಕೆ ಊರಿಗೆ ಮರಳುವ ಲಕ್ಷ್ಮೇಶ್ವರದ ಬಸ್ಸಿನ ವೇಳೆಯಾಯಿತೆಂದರೆ ಎಂಥ ದೆವ್ವವಾದರೂ ಬೇಟೆಯನ್ನು ಅರ್ಧಕ್ಕೆ ಬಿಡಬೇಕಾಗುತ್ತಿತ್ತು. ಆಕೆಯ ತಂದೆ ಪಾಂಡುರಂಗಾಚಾರ್ಯರು ದೇವಸ್ಥಾನದ ಪೂಜೆಯವರು. ಅವರಿಗೆ ಗೊತ್ತಿದ್ದದ್ದು ಮಗಳು ಬೆಟಗೇರಿಯಲ್ಲಿ ಎಲ್ಲೋ ಟೈಪಿಂಗ್ ಮಾಡುತ್ತಾಳೆಂದಷ್ಟೇ; ಮಗಳ ಹೆಸರು ಇಂಥ ಚಿತ್ರದಲ್ಲಿ ಕಂಡರೆ ಕೆಲಸ ಬಿಡಿಸುವುದು ಖಂಡಿತ. ಆಕೆ ಬೇಡವೆಂದಳು, ಉಳವಪ್ಪನವರು ಹೆಸರು ಹಾಕಲಿಲ್ಲ. ಹಂಚಿಕೆದಾರ ದೇವಪ್ಪನವರು ಬಿಡಲಿಲ್ಲ: “ಸಂಭಾಷಣೆ ಅಂತ ಬರದು ಕೆಳಗ ಖಾಲಿ ಬಿಟ್ರ ಜನ ನಗತಾರ್ರೀ. ನಿಮ್ಮ ಹೆಸರಾದ್ರೂ ಹಾಕ್ರಿ.”

“ನಗಲಿ ಬಿಡ್ರಿ. ಮಂದಿ ಕೂಸಿಗೆ ನಾ ಅಪ್ಪ ಆಗಂಗಿಲ್ಲ.”

ಹತ್ತು ವರ್ಷ ಆ ಜಾಗ ಖಾಲಿಯೇ ಇತ್ತು. ಒಮ್ಮೆಯೂ ಅವರು ಆಕೆಯನ್ನು ಒತ್ತಾಯಿಸಲಿಲ್ಲ. ಅಂಥ ಹಿರಿಯರು ಈಗ ಕ್ಯಾಮರಾ ಕೆಳಗಿಟ್ಟಿದ್ದಾರೆ. ಅವರಿಗೆ ತುಂಬು ಆಯುಷ್ಯ ಸಿಗಲಿ. ಇನ್ನೊಂದು ದೆವ್ವ ತಲೆಯೊಳಗೆ ಕೂತು, ‘ನನ್ನ ಕತೆ ಎಲ್ಲಿ?’ ಎಂದು ಅವರನ್ನು ಕಾಡುತ್ತಲೇ ಇರಲಿ.

ಇಷ್ಟು ಬರೆಯುವಷ್ಟರಲ್ಲಿ ತಂದೆ ಬಂದು ಹಾಳೆಯ ಮೇಲಿನ ಉಳವಪ್ಪನವರ ಹೆಸರು ಓದಿದರು.

“ಆ ದೆವ್ವದ ಸಿನಿಮಾದಾಂವ ಅಲ್ಲೇನು? ಅವಗೂ ನಿನಗೂ ಏನ ಸಂಬಂಧ?”

ಭಾಗೀರಥಿ ಪೆನ್ನು ಕೆಳಗಿಟ್ಟಳು.

“ಅಪ್ಪಾ, ಆ ದೆವ್ವಗೋಳು ಆಡೋ ಮಾತೆಲ್ಲಾ ನಾನೇ ಬರದದ್ದು.”