ಹಸಿರು ಕಾರ್ಡು ಬಿದ್ದ ಸದ್ದು ನನಗೆ ಕೇಳಿತ್ತು

ಅಂದು ಸುಳ್ಳು ಹೇಳಿದವನು ನಾನು, ಕ್ಯಾಪ್ಟನ್ ಸಮೀರ್ ಅಲ್ಲ. ಅವರು ಹಸಿರು ಕಾರ್ಡನ್ನು ಸರಿಯಾದ ಹೊತ್ತಿಗೇ ನನ್ನ ಮೇಜಿನ ಮೇಲೆ ಇಟ್ಟಿದ್ದರು. ಅದು ಬಿದ್ದ ಸದ್ದು ನನಗೆ ಕೇಳಿತ್ತು — ಕೇಳಿಯೂ, ತಡವಾಗಿ ಬಿತ್ತೆಂದೆ. ಆ ಒಂದು ಮಾತಿಗೆ ಅವರು ಒಂದು ವರ್ಷ ಅಂಗಳದಿಂದ ಹೊರಗುಳಿದರು.

ಸಮೀರ್ ಈಜಿಪ್ಟಿನ ರಾಷ್ಟ್ರೀಯ ತಂಡಕ್ಕೆ ಹ್ಯಾಂಡ್‌ಬಾಲ್ ಆಡಿದವರು. ತೊಂಬತ್ತರ ದಶಕದ ಆರಂಭದಲ್ಲಿ ದುಬೈಯ ಒಂದು ಕ್ಲಬ್ಬಿಗೆ ಆಡಲು ಬಂದು, ಮೊಣಕಾಲು ಕೈಕೊಟ್ಟ ಮೇಲೆ ಅಲ್ಲೇ ಕೋಚ್ ಆದರು. ಅಲ್ಲಿ ಕೋಚನ್ನು ಕ್ಯಾಪ್ಟನ್ ಎಂದೇ ಕರೆಯುವುದು. ನಾನು ಮೈಸೂರಿನವನು, ಪಂದ್ಯಗಳನ್ನು ನಡೆಸುತ್ತಿದ್ದ ಕಚೇರಿಯಲ್ಲಿ ಗುಮಾಸ್ತ. ಕ್ರಿಕೆಟ್ಟು, ಕಬಡ್ಡಿ ಬಿಟ್ಟರೆ ಬೇರೆ ಆಟ ಗೊತ್ತಿರಲಿಲ್ಲ. ಹ್ಯಾಂಡ್‌ಬಾಲಿನ ಗಡಿಯಾರ ನೋಡಿಕೊಳ್ಳುವುದನ್ನು ನನಗೆ ಕಲಿಸಿದ್ದು ಅವರೇ. "ಮಿಸ್ಟರ್ ಶ್ರೀ, ಆಟ ಆಡುವವರು ಹದಿನಾಲ್ಕು ಜನ. ಹದಿನೈದನೆಯವನು ನೀನು" ಎನ್ನುತ್ತಿದ್ದರು. ನನ್ನನ್ನು ಅಷ್ಟು ದೊಡ್ಡವನನ್ನಾಗಿ ಆ ಊರಿನಲ್ಲಿ ಬೇರಾರೂ ಕಂಡಿರಲಿಲ್ಲ.

ನಿಯಮ ಸರಳ. ತನ್ನ ತಂಡದ ಕೈಯಲ್ಲಿ ಚೆಂಡಿರುವಾಗ ಕೋಚ್ ಹಸಿರು ಕಾರ್ಡನ್ನು ಮೇಜಿನ ಮೇಲಿಟ್ಟರೆ ಗಡಿಯಾರದವನು ಕೂಡಲೇ ಸೀಟಿ ಊದಿ ಆಟ ನಿಲ್ಲಿಸಬೇಕು. ಚೆಂಡು ಕೈತಪ್ಪಿದ ಮೇಲೆ ಇಟ್ಟರೆ ಅದು ಲೆಕ್ಕಕ್ಕಿಲ್ಲ.

ಅದು ಫೈನಲ್. ಎರಡೂ ತಂಡಗಳು ಸಮಸಮ, ಉಳಿದದ್ದು ಅರ್ಧ ನಿಮಿಷ, ಚೆಂಡು ಸಮೀರ್ ಹುಡುಗರ ಕೈಯಲ್ಲಿ. ಅದೇ ಹೊತ್ತಿಗೆ ನಮ್ಮ ಕಚೇರಿಯ ಮಂದೂಬ್ — ವೀಸಾ ಕಾಗದಗಳಿಗಾಗಿ ಓಡಾಡುವವನು — ಬಾಗಿಲಲ್ಲಿ ನಿಂತು ನನ್ನತ್ತ ಒಂದು ಫೈಲು ಎತ್ತಿ ತೋರಿಸಿದ. ಹೆಂಡತಿ ಮಗಳನ್ನು ಕರೆಸಿಕೊಳ್ಳಲು ಎರಡು ವರ್ಷದಿಂದ ಒದ್ದಾಡುತ್ತಿದ್ದೆ. ವೀಸಾ ಆಯಿತೇ, ಇಲ್ಲವೇ? ನಾನು ಅವನ ಮುಖ ನೋಡಿದೆ. ಪಕ್ಕದಲ್ಲಿ ಟಪ್ಪೆಂದು ಸದ್ದಾಯಿತು. ಅದೇನೆಂದು ತಿಳಿಯಿತು — ಆದರೂ ಇನ್ನೊಂದು ಕ್ಷಣ ಅವನನ್ನೇ ನೋಡಿದೆ. ತಿರುಗುವಷ್ಟರಲ್ಲಿ ಎದುರಾಳಿ ಚೆಂಡು ಕಸಿದು ಓಡುತ್ತಿದ್ದ. ಗೋಲು. ಖಲಾಸ್.

ಸಮೀರ್ ಮೇಜಿಗೆ ಗುದ್ದಿದರು. "ಕಾರ್ಡು ಇಟ್ಟಿದ್ದೆ! ಇಟ್ಟಿದ್ದೆ!" ಎಂದು ಕೂಗಿದರು. ಹಿಡಿಯಲು ಬಂದವರನ್ನು ತಳ್ಳಿದರು.

ಮೂರು ದಿನದ ನಂತರ ವಿಚಾರಣೆ. ಅಂಕ ಬರೆಯುತ್ತ ನನ್ನ ಪಕ್ಕದಲ್ಲೇ ಕೂತಿದ್ದ ಮಂಗಳೂರಿನ ಫೆಲಿಕ್ಸ್ ಹೊರಗೆ ನನ್ನ ತೋಳು ಹಿಡಿದ. "ಎಂತ ಮಾಡುವುದು ಮಾರಾಯ್ರೆ? ನಾನು ತಲೆ ತಗ್ಗಿಸಿ ಬರೀತಾ ಇದ್ದೆ, ಕಂಡಿಲ್ಲ ಅಂತಲೇ ಹೇಳ್ತೇನೆ. ನೀವು ಮಾತ್ರ ಇದ್ದದ್ದು ಇದ್ದ ಹಾಗೆ ಹೇಳಿ."

ಒಳಗೆ ಕೇಳಿದರು: "ಕಾರ್ಡು ಇಟ್ಟಾಗ ಚೆಂಡು ಯಾರ ಬಳಿ ಇತ್ತು?"

"ಚೆಂಡು ಹೋದ ಮೇಲೆ ಇಟ್ಟರು, ಸಾರ್" ಎಂದೆ.

ಕೆಲಸ ಹೋದರೆ ವೀಸಾ ಹೋಗುತ್ತದೆ ಎಂಬ ಭಯ — ಇತ್ತು, ನಿಜ. ಆದರೆ ಆ ಕೋಣೆಯಲ್ಲಿ ಯಾರೂ ನನ್ನನ್ನು ಬೆದರಿಸಲಿಲ್ಲ. ಸಮೀರ್ ನನ್ನನ್ನು ನೋಡಿದರು. ಬೈಯಲಿಲ್ಲ. ಲೆಕ್ಕ ತಪ್ಪಿದವರಂತೆ ಹುಬ್ಬು ಗಂಟಿಕ್ಕಿ ಕೂತರು, ಅಷ್ಟೇ.

ತಿಂಗಳೊಳಗೆ ಹೆಂಡತಿ ಸುಮಾ, ಮಗಳು ಬಂದರು. ದುಬೈಯ ಮಿರ್ದಿಫ್‌ನಲ್ಲಿ ಸಂಸಾರ ಹೂಡಿದೆವು. ನನ್ನ ಅತ್ಯಂತ ಸಂತೋಷದ ವರ್ಷವೇ ಅವರ ಶಿಕ್ಷೆಯ ವರ್ಷವಾಗಿತ್ತು.

ಆದರೆ ಆ ಮನುಷ್ಯ ಸುಮ್ಮನೆ ಕೂರುವವರಲ್ಲ! ಬೆಂಚು ಕಸಿದರೆ ನಿಯಮಪುಸ್ತಕ ಹಿಡಿದರು. ಶಾಲೆಗಳಿಗೆ ಹೋಗಿ ರೆಫರಿಗಳನ್ನು, ನನ್ನಂಥ ಮೇಜಿನವರನ್ನು ತಯಾರು ಮಾಡಿದರು. ಅಂತರರಾಷ್ಟ್ರೀಯ ಪರೀಕ್ಷೆಗಳನ್ನು ಪಾಸು ಮಾಡಿದರು. ಕೋಚ್ ಆಗಿ ಮರಳುವುದರ ಬದಲು ಪಂದ್ಯಾವಳಿಗಳನ್ನು ನಡೆಸುವ ಅಧಿಕಾರಿಯಾದರು — ಮೊದಲು ಕೊಲ್ಲಿ ದೇಶಗಳಲ್ಲಿ, ಆಮೇಲೆ ಏಷ್ಯಾ, ಯುರೋಪು. ಟೀವಿಯಲ್ಲಿ ಅಂಗಳದ ಬದಿ ಕೋಟು ಹಾಕಿ ನಿಂತ ಅವರನ್ನು ಕಂಡಾಗಲೆಲ್ಲ ಎದೆಯುಬ್ಬುತ್ತಿತ್ತು, ಮರುಕ್ಷಣವೇ...

ಎಂಟು ವರ್ಷ ಕಳೆದವು. ನಾನು ಅಬುಧಾಬಿಯ ಆಸ್ಪತ್ರೆಯೊಂದರ ಕಚೇರಿ ಸೇರಿ ಖಲೀಫಾ ಸಿಟಿಯಲ್ಲಿದ್ದೆ. ಬಿಡುವಿನ ದಿನ ಪಂದ್ಯಗಳ ಗಡಿಯಾರ ಮಾತ್ರ ಬಿಟ್ಟಿರಲಿಲ್ಲ. ಆಗ ಫೆಲಿಕ್ಸ್ ಫೋನ್ ಮಾಡಿದ.

"ಕ್ಯಾಪ್ಟನ್ ಇಂಟರ್‌ನ್ಯಾಷನಲ್ ಕಮಿಟಿಗೆ ನಿಂತಿದ್ದಾರೆ, ಗೊತ್ತುಂಟಾ? ಎದುರಿನವರು ಆ ಹಳೆ ಕೇಸು ತೆಗ್ದಿದ್ದಾರೆ. ಸುಳ್ಳು ಹೇಳಿ ಗಲಾಟೆ ಮಾಡಿದ ಮನುಷ್ಯ ಅಂತ. ಈಗಲಾದ್ರೂ ಬಾಯಿ ಬಿಡಿ ಮಾರಾಯ್ರೆ!"

ಸುಮಾಳಿಗೆ ಎಲ್ಲವನ್ನೂ ಹೇಳಿದೆ. "ನಮ್ಮನ್ನ ಕರೆಸ್ಕೊಳ್ಳೋಕೆ ಅಂತ ಹೇಳ್ಬೇಡಿ ರೀ. ಆ ಸುಳ್ಳು ನಿಮ್ದು" ಎಂದಳು.

ಮರುದಿನ ಬೆಳಿಗ್ಗೆಯೇ, ಆ ವಾರ ಅವರು ಪಂದ್ಯಾವಳಿ ನಡೆಸಲು ಬಂದಿದ್ದ ಕ್ರೀಡಾಂಗಣಕ್ಕೆ ಹೋದೆ. ಸಮೀರ್ ಒಬ್ಬರೇ ಗೋಲಿನ ಬಲೆ ಪರೀಕ್ಷಿಸುತ್ತಿದ್ದರು. ಪೀಠಿಕೆ ಹಾಕದೆ ಹೇಳಿದೆ: "ಕ್ಯಾಪ್ಟನ್, ನಿಮ್ಮ ಕಾರ್ಡು ಸರಿಯಾದ ಹೊತ್ತಿಗೆ ಬಿದ್ದಿತ್ತು. ನನಗೆ ಕೇಳಿತ್ತು."

ಅವರು ಬಲೆ ಬಿಟ್ಟರು. "ಕೇಳಿತ್ತೇ?"

"ಕೇಳಿತ್ತು."

"ಎಂಟು ವರ್ಷ," ಎಂದರು ನಿಧಾನವಾಗಿ, "ನಾನೇ ಒಂದು ಕ್ಷಣ ತಡ ಮಾಡಿದೆನೋ ಏನೋ ಎಂದುಕೊಂಡಿದ್ದೆ. ನಿನ್ನನ್ನು ನಂಬಿ, ನನ್ನ ಕೈಯನ್ನೇ ಅನುಮಾನಿಸಿದೆ."

ಒಂದು ವರ್ಷ ಕಸಿದೆ ಎಂದುಕೊಂಡಿದ್ದ ನನಗೆ, ಕಸಿದದ್ದು ಅದಕ್ಕಿಂತ ದೊಡ್ಡದೆಂದು ಆಗಲೇ ತಿಳಿದದ್ದು. ಕ್ಷಮಿಸಿ ಎಂದು — ಹೇಳಲು ಹೊರಟೆ. ಅವರು ಕೈಯೆತ್ತಿ ತಡೆದರು. "ಯಲ್ಲಾ, ನಡಿ, ಇದನ್ನು ಬರೆದುಕೊಡು."

ಬರೆದುಕೊಟ್ಟೆ. ಚುನಾವಣೆಗೆ ಮುನ್ನ ಸಮಿತಿಯ ಎದುರು ನಿಂತು, ಎಲ್ಲರಿಗೂ ಕೇಳುವಂತೆ ಓದಿದೆ. ಹಳೆಯ ಶಿಕ್ಷೆಯನ್ನು ಅಲ್ಲೇ ರದ್ದು ಮಾಡಿದರು. ಸಮೀರ್ ಭಾರಿ ಅಂತರದಿಂದ ಗೆದ್ದರು! ಅವರ ಹಳೆಯ ಹುಡುಗರು — ಈಗ ಹೊಟ್ಟೆ ಬಂದ, ಕೂದಲು ಉದುರಿದ ಗಂಡಸರು — ಅವರನ್ನು ಹೆಗಲ ಮೇಲೆ ಹೊತ್ತು ಕುಣಿದರು. ಯಾರೋ ಡೋಲು ಬಾರಿಸಿದರು. ಹಿಂದಿನ ಸಾಲಿನಲ್ಲಿ ಫೆಲಿಕ್ಸ್ ಸಿಳ್ಳೆ ಹಾಕಿದ. ನಾನು ಕೈ ನೋಯುವವರೆಗೆ ಚಪ್ಪಾಳೆ ತಟ್ಟಿದೆ.

ಎರಡು ವಾರದ ನಂತರ ನನಗೊಂದು ಪತ್ರ ಬಂತು. ಸುಳ್ಳು ಸಾಕ್ಷಿ ಹೇಳಿದ್ದಕ್ಕಾಗಿ ಇನ್ನು ಯಾವ ಪಂದ್ಯದ ಮೇಜಿನಲ್ಲೂ ನಾನು ಕೂರುವಂತಿಲ್ಲ. ಕೆಳಗೆ ಸಮೀರ್ ಅವರದೇ ಸಹಿ. ಓದಿ ಕಣ್ಣು ತುಂಬಿತು — ದುಃಖಕ್ಕಲ್ಲ. ಅವರು ನನಗೆ ಕರುಣೆ ತೋರಿಸಲಿಲ್ಲ, ನ್ಯಾಯ ತೋರಿಸಿದರು. ಇಂಥವರ ಕೈಗೆ ಆಟ ಸೇರಿತಲ್ಲ ಎಂದು ಹೆಮ್ಮೆಯಾಯಿತು.

ಈಗಲೂ ಪಂದ್ಯಗಳಿಗೆ ಹೋಗುತ್ತೇನೆ, ಟಿಕೆಟ್ ಕೊಂಡು ಗ್ಯಾಲರಿಯಲ್ಲಿ ಕೂರುತ್ತೇನೆ. ಸಮೀರ್ ಅಂಗಳಕ್ಕೆ ಬಂದಾಗ ಎಲ್ಲರಂತೆ ಎದ್ದು ನಿಲ್ಲುತ್ತೇನೆ. ಅವರು ನಿಮಗೆ ಪರಿಚಯವೇ ಎಂದು ಪಕ್ಕದವರು ಕೇಳಿದರೆ, ಹೌದು, ಅವರ ಮೇಲೆ ಸುಳ್ಳು ಸಾಕ್ಷಿ ಹೇಳಿದವನು ನಾನೇ ಎನ್ನುತ್ತೇನೆ.