ಚಂದ್ರಿಯ ಪರದೆ ಕಳಚಿಸಿದ ತಾಯಿ

ನಮ್ಮ ಎಮ್ಮೆ ಚಂದ್ರಿ ಮೇವು ಬಿಟ್ಟಾಗ ನನಗಾದ ಸಂಕಟ ಎಮ್ಮೆ ಕಟ್ಟಿದವರಿಗೇ ಗೊತ್ತು. ಬನಶಂಕರಿ ತಾಯಿಯನ್ನು ನಂಬಿದ ಅಕ್ಕತಂಗಿಯರೇ, ಅವಳು ನನ್ನ ಮಾತಿಗೆ ಹೇಗೆ ಕಿವಿಗೊಟ್ಟಳೆಂದು ನಿಮಗೆ ಹೇಳದಿದ್ದರೆ ನನಗೆ ಸಮಾಧಾನವಿಲ್ಲ.

ಎಪ್ಪತ್ತರ ದಶಕದ ಕೊನೆಯ ಒಂದು ಶ್ರಾವಣ. ವಿಜಾಪುರದ ಕಡೆಯಿಂದ ಬಂದು ಕಲ್ಯಾಣದಲ್ಲಿದ್ದೆವು. ಯಜಮಾನರು ಉಲ್ಹಾಸನಗರದ ಕಾರಖಾನೆಗೆ ಹೋಗುತ್ತಿದ್ದರು. ನಾವಿದ್ದ ಖೋಲಿಯ ಹಿಂದೆ ತಬೇಲಾ ಅನ್ನುವ ಕೊಟ್ಟಿಗೆಯಲ್ಲಿ ಹತ್ತಾರು ಎಮ್ಮೆಗಳ ನಡುವೆ ನಮ್ಮದೂ ಒಂದು. ಕರು ಹಾಕಿದ ಮೇಲೆ ದಾರಿಯಲ್ಲಿ ಹೋಗುವವರೆಲ್ಲ ಚಂದ್ರಿಯ ಕೆಚ್ಚಲು ನೋಡುತ್ತ ನಿಂತುಬಿಡುತ್ತಿದ್ದರು. ಅತ್ತೆಗೆ ದೃಷ್ಟಿಯ ಭಯ. ಸುತ್ತಲೂ ಗೋಣಿತಟ್ಟಿನ ಪರದೆ ಕಟ್ಟಿಸಿದರು. ಕರುವನ್ನೂ ಹಾಲು ಕರೆಯುವಾಗಷ್ಟೇ ಒಳಗೆ ಬಿಡುತ್ತಿದ್ದರು.

ಆಮೇಲೆ ಶುರುವಾಯಿತು. ಚಂದ್ರಿ ಒದರುವುದೇ ಒದರುವುದು. ಮೇವು ಮುಟ್ಟಲಿಲ್ಲ, ಕರು ಬಾಯಿ ಹಾಕಿದರೂ ಹಾಲು ಇಳಿಸಲಿಲ್ಲ. ಅತ್ತೆ ಮೆಣಸಿನಕಾಯಿ ನಿವಾಳಿಸಿ ಸುಟ್ಟರು, ಪರದೆಯ ಮೇಲೆ ಇನ್ನೊಂದು ಪರದೆ ಹಾಕಿದರು. ಸರಕಾರಿ ದನದ ಡಾಕ್ಟರು ಬಂದು ಜ್ವರ ನೋಡಿದರು, ಹೊಟ್ಟೆ ಒತ್ತಿದರು, ಕೆಚ್ಚಲು ಹಿಂಡಿದರು. ಏನೂ ತಿಳಿಯದೆ ಶಕ್ತಿಗೊಂದು ಸೂಜಿ ಚುಚ್ಚಿ ಸ್ಟೇಷನ್ನಿಗೆ ಹೊರಟರು. ಯಜಮಾನರು ನನ್ನ ಮುಖ ನೋಡದೆ, "ನಾಳಿ ಮುಂಜಾನಿ ಕಸಾಯಿ ಬರತಾನ. ಹೇಳಿ ಬಂದೀನಿ" ಎಂದರು.

ನಿಂತಲ್ಲಿ ನಿಲ್ಲಲಾಗಲಿಲ್ಲ, ಕೂತಲ್ಲಿ ಕೂರಲಾಗಲಿಲ್ಲ. ಖೋಲಿಗೂ ತಬೇಲಾಕ್ಕೂ ತಿರುಗಿ ತಿರುಗಿ ಕೊನೆಗೆ ಬನಶಂಕರಿ ತಾಯಿಯ ಫೋಟೋದ ಮುಂದೆ ಜಗಳಕ್ಕೇ ನಿಂತೆ. "ಜಗಕ್ಕ ಕಾಯಿಪಲ್ಯ ಉಣಸಾಕಿ, ಶಾಕಾಂಬರಿ ಅಂತ ಹೆಸರ ಇಟಗೊಂಡೀದಿ. ಒಂದ ಎಮ್ಮಿಗೆ ಹಿಡಿ ಹುಲ್ಲ ತಿನಸಾಕ ಆಗೂದಿಲ್ಲೇನವಾ ನಿನಗ?"

ಅಷ್ಟರಲ್ಲಿ ಡಾಕ್ಟರು ಮಳೆಯಲ್ಲಿ ತೊಯ್ದು ತೊಪ್ಪೆಯಾಗಿ ಮರಳಿ ಬಂದರು. ಹಳಿಯ ಮೇಲೆ ನೀರು ನಿಂತು ಲೋಕಲ್ ರೈಲು ನಿಂತುಹೋಗಿತ್ತಂತೆ. ತಬೇಲಾದ ಡಬ್ಬವೊಂದರ ಮೇಲೆ ಕೂತು, ಬೇರೆ ಕೆಲಸವಿಲ್ಲದೆ, ಪರದೆಯ ಸಂದಿಯಿಂದ ಚಂದ್ರಿಯನ್ನು ನೋಡತೊಡಗಿದರು. ಪಕ್ಕದ ಎಮ್ಮೆ ಕೂಗಿದಾಗಲೆಲ್ಲ ಚಂದ್ರಿ ಗೋಣಿಗೆ ಮೂತಿ ಒತ್ತಿ ಕಿವಿ ನಿಮಿರಿಸುತ್ತಿತ್ತು.

"ಇದಕ್ಕ ರೋಗ ಇಲ್ರೀ ಅಕ್ಕಾರ," ಎಂದರು. ಸೊಲ್ಲಾಪುರದವರು, ನಮ್ಮ ಮಾತೇ ಆಡುತ್ತಿದ್ದರು. "ಎಮ್ಮಿ ಗುಂಪಿನಾಗ ಇರೂ ಪ್ರಾಣಿ. ಜೋಡಿ ಎಮ್ಮಿ ಕಾಣಲಿಲ್ಲಂದ್ರ ಅಂಜತೈತಿ. ಅಂಜಿದ್ರ ಹಾಲ ಇಳಸದ ಮ್ಯಾಲ ಏರಸತೈತಿ. ಪ್ರಾಣಿ ಹೆಂಗ ನಡಕೋತೈತಿ ಅಂತ ನೋಡೂದೂ ಒಂದ ಶಾಸ್ತ್ರರೀ. ನಾನೂ ಮೊದಲ ಅದನ್ನ ನೋಡಬೇಕಿತ್ತು. ಪಡದಾ ತಗೀರಿ."

"ತಗದ್ರ ಕಣ್ಣ ಬೀಳತೈತಿ!" ಅತ್ತೆ ಅಡ್ಡ ನಿಂತರು.

"ಅತ್ತಿ, ನಾಳಿ ಅದರ ಮ್ಯಾಲ ಕತ್ತೀನ ಬೀಳತೈತಿ" ಎಂದು ನಾನು ಕುಡುಗೋಲು ತಂದು ಪರದೆಯ ಹುರಿ ಕೊಯ್ದೆ.

ಚಂದ್ರಿ ಪಕ್ಕದ ಎಮ್ಮೆಯ ಮೂತಿ ಮೂಸಿತು, ದೊಡ್ಡ ಉಸಿರು ಬಿಟ್ಟಿತು. ಸ್ವಲ್ಪ ಹೊತ್ತಿಗೆ ನಾಲಿಗೆ ಚಾಚಿ ಅದರ ಮೇವನ್ನೇ ಕದಿಯಿತು. ನಾನು ನಗುತ್ತಲೇ ಕಣ್ಣೊರೆಸಿಕೊಂಡೆ. ಸಂಜೆ ಕರು ಬಿಟ್ಟಾಗ ಹಾಲು ಇಳಿಯಿತು.

ಮಳೆ ಸುರಿಸಿ, ಗಾಡಿ ನಿಲ್ಲಿಸಿ, ಅವಸರದ ಡಾಕ್ಟರನ್ನು ಕೂರಿಸಿದವಳು ನನ್ನ ತಾಯಿಯೇ. ಚಂದ್ರಿ ಇದ್ದಷ್ಟು ದಿನವೂ ನಾನು ಮೊದಲು ಅದರ ಎದುರು ಸುಮ್ಮನೆ ನಿಂತು ನೋಡುತ್ತಿದ್ದೆ, ಆಮೇಲೆ ತಾಯಿಯ ಮುಂದೆ ಕಣ್ಣು ಮುಚ್ಚುತ್ತಿದ್ದೆ.

ಪರದೆ ಕಳಚಿದ ಮರುದಿನ ಕಟುಕ ಬಂದಾಗ ಅವನನ್ನು ಬಾಗಿಲಲ್ಲೇ ತಡೆದವರು ಅತ್ತೆ. "ಮಾರೂದಿಲ್ಲೋ. ಬೇಕಾದ್ರ ಕಣ್ಣ ತುಂಬ ನೋಡಕೊಂಡ ಹೋಗು."